ಮೊದಲು ಕುತ್ತಿಗೆ ನೋಡಿ

ಐದು ವರ್ಷ ಮಾಡೆಲಿಂಗ್ ಮಾಡಿದೆ. ರ‍್ಯಾಂಪ್ ಕಡಿಮೆ, ಸೀರೆ, ಒಡವೆ ಕ್ಯಾಟಲಾಗ್ ಶೂಟ್‌ಗಳೇ ಜಾಸ್ತಿ. ನನ್ನದು ಎಣ್ಣೆಗಪ್ಪು ಬಣ್ಣ. ಒಂದು ರೇಷ್ಮೆ ಸೀರೆ ಶೂಟ್‌ನಲ್ಲಿ ನನ್ನ ಬಣ್ಣಕ್ಕಿಂತ ಎರಡು ಶೇಡ್ ತಿಳಿಯಾದ ಫೌಂಡೇಶನ್ ಹಚ್ಚಿದರು. ಕನ್ನಡಿ ನೋಡಿದರೆ ಮುಖಕ್ಕೆ ಬೂದಿ ಬಳಿದ ಹಾಗಿತ್ತು, ಕುತ್ತಿಗೆ ಬೇರೆ ಯಾರದ್ದೋ ಅನ್ನೋ ಹಾಗೆ. ಏನೂ ಹೇಳಲಿಲ್ಲ. ಸುಮ್ನೆ ಬಾತ್‌ರೂಮಿಗೆ ಹೋಗಿ, ಒದ್ದೆ ಟಿಶ್ಯೂನಲ್ಲಿ ದವಡೆ ಒರೆಸಿ, ಬ್ಯಾಗಲ್ಲಿದ್ದ ನನ್ನ ಶೇಡನ್ನು ಬೆರಳಲ್ಲೇ ತಟ್ಟಿಕೊಂಡು ಬಂದೆ. ಮುಂದಿನ ಫೋಟೋ ನೋಡಿ ಫೋಟೋಗ್ರಾಫರ್ ತಮ್ಮ ಹುಡುಗನಿಗೆ "ಲೈಟ್ ಬದಲಾಯಿಸಿದ್ಯಾ? ಈಗ ಚೆನ್ನಾಗಿದೆ" ಅಂದರು. ಈ ಮೇಕಪ್ ಕೆಲಸ ನಾನೇ ಕಲಿಯಬೇಕು ಅನ್ನಿಸಿದ್ದು ಆಗಲೇ.

ಮೂರು ತಿಂಗಳು ಕೋರ್ಸ್ ಮಾಡಿದೆ, ಆದರೆ ನಿಜವಾಗಿ ಕಲಿತದ್ದು ಒಬ್ಬ ಸೀನಿಯರ್ ಹತ್ತಿರ ಒಂದು ವರ್ಷ ಅಸಿಸ್ಟೆಂಟ್ ಆಗಿದ್ದಾಗ. ಬ್ರಷ್ ತೊಳೆಯುವುದು, ಸೀರೆ ಪಿನ್ ಕೊಡುವುದು, ನೋಡುತ್ತಾ ನಿಲ್ಲುವುದು. ನಮ್ಮ ಬಣ್ಣದವರಿಗೆ ಕಣ್ಣಿನ ಕೆಳಗಿನ ಕಪ್ಪಿನ ಮೇಲೆ ನೇರ ಕನ್ಸೀಲರ್ (ಕಲೆ ಮುಚ್ಚುವ ಕ್ರೀಮ್) ಹಾಕಿದರೆ ಅದು ಬೂದು ಬಣ್ಣಕ್ಕೆ ತಿರುಗುತ್ತದೆ. ಮೊದಲು ಆ ಕಪ್ಪನ್ನು ತಗ್ಗಿಸುವ ಕಿತ್ತಳೆ ಬಣ್ಣದ ಕರೆಕ್ಟರ್, ಅದೂ ತೆಳ್ಳಗೆ. ಫೌಂಡೇಶನ್ ಶೇಡನ್ನು ಕೈ ಮೇಲೆ ನೋಡಬೇಡಿ, ದವಡೆಯಿಂದ ಕುತ್ತಿಗೆವರೆಗೆ ಗೀರಿ, ಹಗಲು ಬೆಳಕಲ್ಲಿ ಹತ್ತು ನಿಮಿಷ ಬಿಟ್ಟು ನೋಡಿ, ಯಾಕಂದರೆ ಕೆಲವು ಫೌಂಡೇಶನ್ ಹಚ್ಚಿದ ಮೇಲೆ ಕಪ್ಪಾಗುತ್ತವೆ. ಕ್ಯಾಮೆರಾ ಮುಂದೆ ನಿಂತ ಅನುಭವ ನನಗೆ ತುಂಬ ಉಪಯೋಗಕ್ಕೆ ಬಂತು. ಸಿಲಿಕಾ ಇರುವ ಪೌಡರ್ ಜಾಸ್ತಿಯಾದರೆ ಕಣ್ಣಿಗೆ ಏನೂ ಕಾಣಿಸುವುದಿಲ್ಲ, ಫ್ಲ್ಯಾಶ್ ಬಿದ್ದರೆ ಬೆಳ್ಳಗೆ ತೇಪೆ ಹಾಕಿದ ಹಾಗೆ ಕಾಣುತ್ತದೆ. ಅದಕ್ಕೇ ಮದುಮಗಳನ್ನು ಕುರ್ಚಿಯಿಂದ ಎಬ್ಬಿಸುವ ಮುಂಚೆ ಫೋನಿನ ಫ್ಲ್ಯಾಶ್ ಹಾಕಿ ಒಂದು ಫೋಟೋ ತೆಗೆದೇ ತೆಗೆಯುತ್ತೇನೆ.

ಸಿನಿಮಾದಲ್ಲಿ ಕೆಲಸ ಮಾಡುವ ಆಸೆ ಇನ್ನೂ ಇದೆ. ಹಿಂದಿ ಸಿನಿಮಾದಲ್ಲಿ ದಶಕಗಳ ಕಾಲ ಮೇಕಪ್‌ನವರ ಸಂಘದವರು ಹೆಂಗಸರಿಗೆ ಮೇಕಪ್ ಆರ್ಟಿಸ್ಟ್ ಅಂತ ಸದಸ್ಯತ್ವದ ಕಾರ್ಡೇ ಕೊಡುತ್ತಿರಲಿಲ್ಲ, ತಲೆಗೂದಲ ಕೆಲಸ ಮಾತ್ರ ಮಾಡಬಹುದಿತ್ತು. ಮೇಕಪ್ ಆರ್ಟಿಸ್ಟ್ ಚಾರು ಖುರಾನಾ ಅವರು ಕೋರ್ಟಿಗೆ ಹೋದರು, 2014ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಆ ನಿಯಮ ತೆಗೆದುಹಾಕಿತು. ಇಷ್ಟು ಈಚಿನವರೆಗೂ ಹಾಗಿತ್ತು ಅಂದರೆ ಬೇಜಾರಾಗುತ್ತದೆ ಅಲ್ವಾ?

ನನ್ನ ಮೊದಲ ಮದುವೆ ಆರ್ಡರ್ ಬಂದಾಗ ಮುಹೂರ್ತ ಬೆಳಿಗ್ಗೆ ಆರೂವರೆಗೆ. ಮೂರು ಗಂಟೆಗೇ ಛತ್ರದಲ್ಲಿದ್ದೆ. ಹುಡುಗಿದು ಹೆಚ್ಚುಕಡಿಮೆ ನನ್ನದೇ ಬಣ್ಣ. ಅವಳ ಸೋದರತ್ತೆ ಬಂದು "ಸ್ವಲ್ಪ ಬೆಳ್ಳಗೆ ಕಾಣೋ ಹಾಗೆ ಮಾಡಮ್ಮ" ಅಂದರು. ವಾದ ಮಾಡಲಿಲ್ಲ. ಒಂದು ದವಡೆಗೆ ಅವರು ಕೇಳಿದ ಶೇಡು, ಇನ್ನೊಂದಕ್ಕೆ ಅವಳ ಶೇಡು ಹಚ್ಚಿ, ಫ್ಲ್ಯಾಶ್ ಹಾಕಿ ಫೋಟೋ ತೆಗೆದು ತೋರಿಸಿದೆ. ಅತ್ತೆ ಫೋನನ್ನು ಹತ್ತಿರ ಹಿಡಿದು, ದೂರ ಹಿಡಿದು ನೋಡಿದರು. ಆಮೇಲೆ "ಇದೇ ಇರಲಿ ಬಿಡು" ಅಂತ ಹುಡುಗಿಯ ನಿಜವಾದ ಬಣ್ಣದ ಕಡೆ ಬೆರಳಿಟ್ಟರು.

ಎಲ್ಲ ಮುಗಿದು, ಹೂವು ಮುಡಿಸಿ ಕನ್ನಡಿ ಕೊಟ್ಟೆ. ಅವಳು ಮೊದಲು ನೋಡಿಕೊಂಡಿದ್ದು ಕುತ್ತಿಗೆಯನ್ನು.