ಮನೆ ಹರಾಜಾದ ಮೇಲೂ ಉಳಿದ ಸಾಲ: ಲೆಕ್ಕ ಕೇಳುವುದು ಹೇಗೆ?

ಮನೆಯನ್ನು ಬ್ಯಾಂಕ್ ಹರಾಜು ಹಾಕಿದರೆ ಸಾಲವೂ ಚುಕ್ತಾ ಆಯಿತು ಎಂದುಕೊಳ್ಳಬೇಡಿ. ಮನೆ ಬರೀ ಭದ್ರತೆ. ತೀರಿಸುತ್ತೇನೆ ಎಂದು ಸಹಿ ಹಾಕಿದವರು ನೀವು. ಹರಾಜಿನ ಹಣ ಸಾಲದೆ ಹೋದರೆ ಉಳಿಕೆಯನ್ನು ನಿಮ್ಮಿಂದಲೇ ವಸೂಲು ಮಾಡಲು 2002ರ ಸರ್ಫೇಸಿ ಕಾಯ್ದೆಯ (ಭದ್ರತೆಯ ಆಸ್ತಿಯನ್ನು ಮಾರಲು ಬ್ಯಾಂಕಿಗೆ ಅಧಿಕಾರ ಕೊಡುವ ಕಾಯ್ದೆ) 13(10)ನೇ ಸೆಕ್ಷನ್ ದಾರಿ ಕೊಟ್ಟಿದೆ.

ಈ ಉಳಿಕೆಯನ್ನು ತಗ್ಗಿಸುವ ಕೆಲಸ ಹರಾಜಿಗೆ ಮೊದಲೇ ಆಗಬೇಕು. 60 ದಿನಗಳೊಳಗೆ ಬಾಕಿ ಕಟ್ಟಿ ಎನ್ನುವ ಡಿಮ್ಯಾಂಡ್ ನೋಟಿಸ್ ಕೈಗೆ ಬಂದ ಕೂಡಲೇ ಲೆಕ್ಕದಲ್ಲಿ ತಪ್ಪಿದ್ದರೆ ಲಿಖಿತ ಆಕ್ಷೇಪಣೆ ಕೊಡಿ. ಬ್ಯಾಂಕ್ 15 ದಿನಗಳಲ್ಲಿ ಉತ್ತರಿಸಬೇಕು. ಆಮೇಲೆ ಗಮನವೆಲ್ಲ ಮೀಸಲು ಬೆಲೆಯ, ಅಂದರೆ ಹರಾಜಿಗೆ ಬ್ಯಾಂಕ್ ಗೊತ್ತುಮಾಡುವ ಕನಿಷ್ಠ ಬೆಲೆಯ ಮೇಲಿರಲಿ. ಅನುಮೋದಿತ ಮೌಲ್ಯಮಾಪಕರ ವರದಿ ಪಡೆದೇ ಅದನ್ನು ನಿಗದಿ ಮಾಡಬೇಕು. ವರದಿಯ ಪ್ರತಿ ಕೇಳಿ. ಎರಡಂತಸ್ತಿನ ಮನೆಯನ್ನು ಒಂದೇ ಅಂತಸ್ತೆಂದು ಬರೆದಿದ್ದರೆ, ಹಳೆಯ ದರ ಹಿಡಿದಿದ್ದರೆ, ಆ ನಷ್ಟವೆಲ್ಲ ಕೊನೆಗೆ ನಿಮ್ಮ ಬಾಕಿಗೇ ಸೇರುತ್ತದೆ. ಮೊದಲ ಹರಾಜಿಗೆ 30 ದಿನಗಳ ನೋಟಿಸ್ ಕಡ್ಡಾಯ. ಮೀಸಲು ಬೆಲೆಗಿಂತ ಹೆಚ್ಚು ಬಾರದಿದ್ದಾಗ ಸಿಕ್ಕ ಬೆಲೆಗೆ ಮಾರಲು ನಿಮ್ಮ ಒಪ್ಪಿಗೆ ಬೇಕು; 'ಸುಮ್ಮನೆ ಒಂದು ಸಹಿ' ಎಂದು ಮುಂದಿಡುವ ಕಾಗದವನ್ನು ಓದದೆ ಸಹಿ ಹಾಕಲೇಬೇಡಿ. ಸ್ವಾಧೀನದ ಕ್ರಮವನ್ನು ಪ್ರಶ್ನಿಸುವುದಾದರೆ 45 ದಿನಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ ಹೋಗಬೇಕು.

ಹರಾಜು ಮುಗಿದ ಮೇಲೆ ಪೂರ್ತಿ ಲೆಕ್ಕಪಟ್ಟಿಯನ್ನು ಲಿಖಿತವಾಗಿ ಕೇಳಿ. ಉದಾಹರಣೆಗೆ, ನೋಟಿಸಿನ ಬಾಕಿ 42,00,000 ರೂ., ಆನಂತರದ ಬಡ್ಡಿ 3,10,000, ಜಾಹೀರಾತು, ಮೌಲ್ಯಮಾಪನ ಮುಂತಾದ ಖರ್ಚು 60,000, ಒಟ್ಟು 45,70,000. ಮನೆ ಹೋದದ್ದು 33,00,000ಕ್ಕೆ. ಹಣ ಮೊದಲು ಖರ್ಚಿಗೆ, ಆಮೇಲೆ ಸಾಲಕ್ಕೆ ಜಮೆಯಾಗಿ, ಉಳಿಕೆ 12,70,000. ಒಂದೊಂದು ಸಾಲನ್ನೂ ಕೆದಕಿ. ಖರ್ಚಿಗೆ ರಸೀದಿ ಇದೆಯೇ? ಹರಾಜಿನ ಹಣ ಯಾವ ತಾರೀಖಿಗೆ ಜಮೆಯಾಯಿತು? ತಡವಾಗಿ ಜಮೆ ಮಾಡಿದರೆ ಅಷ್ಟು ದಿನವೂ ಬಡ್ಡಿ ಓಡುತ್ತದೆ. ರಿಸರ್ವ್ ಬ್ಯಾಂಕಿನ ನಿಯಮದಂತೆ 2024ರಿಂದ ದಂಡಬಡ್ಡಿ ಇಲ್ಲ, ದಂಡಶುಲ್ಕ ಮಾತ್ರ. ಅದರ ಮೇಲೆ ಮತ್ತೆ ಬಡ್ಡಿ ಹಾಕುವಂತಿಲ್ಲ. ಸಾಲಕ್ಕಿಂತ ಹೆಚ್ಚು ಹಣ ಬಂದಿದ್ದರೆ ಸರ್ಫೇಸಿ ಕಾಯ್ದೆಯ 13(7)ರ ಪ್ರಕಾರ ಮಿಕ್ಕಿದ್ದು ಹಕ್ಕುದಾರರಿಗೆ ಹೋಗಬೇಕು. ಅದನ್ನೂ ಕೇಳಿ.

ಉಳಿಕೆ 20 ಲಕ್ಷ ಅಥವಾ ಹೆಚ್ಚಿದ್ದರೆ ಬ್ಯಾಂಕ್ ಡಿಆರ್‌ಟಿಗೆ, ಕಡಿಮೆಯಿದ್ದರೆ ಸಿವಿಲ್ ಕೋರ್ಟಿಗೆ ಹೋಗುತ್ತದೆ. ಸಮನ್ಸ್ ಬಂದರೆ ಬಚ್ಚಿಟ್ಟುಕೊಳ್ಳಬೇಡಿ. ಹಾಜರಾಗದವರ ಮೇಲೆ ಏಕಪಕ್ಷೀಯ ಆದೇಶವಾಗುತ್ತದೆ, ಲೆಕ್ಕದ ತಪ್ಪು ತೋರಿಸುವ ಅವಕಾಶವೂ ಹೋಗುತ್ತದೆ. ಕೋರ್ಟಿನ ಡಿಕ್ರಿ (ತೀರ್ಪಿನ ಆದೇಶ) ಜಾರಿಯಲ್ಲಿ ಸಂಬಳದ ಮೊದಲ 1,000 ರೂ. ಮತ್ತು ಉಳಿದದ್ದರ ಮೂರನೇ ಎರಡು ಭಾಗವನ್ನು ಜಪ್ತಿ ಮಾಡುವಂತಿಲ್ಲ. ಭವಿಷ್ಯನಿಧಿಗೂ ರಕ್ಷಣೆಯಿದೆ.

ಜಾಮೀನು ಹಾಕಿದ ಭಾವನೋ ಗೆಳೆಯನೋ ಇದ್ದರೆ ಅವರಿಗೆ ಈಗಲೇ ತಿಳಿಸಿ. ಬ್ಯಾಂಕ್ ಮೊದಲು ನಿಮ್ಮನ್ನೇ ಹಿಡಿಯಬೇಕೆಂಬ ಕಟ್ಟಳೆಯೇನೂ ಇಲ್ಲ. ಸಾಲಗಾರ ತೀರಿಹೋಗಿದ್ದರೆ ವಾರಸುದಾರರ ಹೊಣೆ ಅವರಿಗೆ ಬಂದ ಆಸ್ತಿಯ ಮಿತಿಯೊಳಗೆ ಮಾತ್ರ.

ಒಂದೇ ಕಂತಿನ ರಾಜಿಗೆ ಬ್ಯಾಂಕ್ ಒಪ್ಪಿದರೆ ಮೊತ್ತ, ಕೊನೆಯ ದಿನಾಂಕ, 'ಜಾಮೀನುದಾರರೂ ಬಿಡುಗಡೆ' ಎಂಬ ಮಾತು, ಪ್ರಕರಣ ಹಿಂಪಡೆಯುವ ಭರವಸೆ, ಇಷ್ಟೂ ಪತ್ರದಲ್ಲಿರಲಿ. ಹಣ ಕಟ್ಟಿದ ಮೇಲೆ ಬಾಕಿ ಇಲ್ಲವೆಂಬ ಪತ್ರ ಪಡೆಯಿರಿ. ಸಾಲದ ಇತಿಹಾಸ ದಾಖಲಿಸುವ ಸಿಬಿಲ್‌ನಲ್ಲಿ ಮಾತ್ರ ಅದು 'ಕ್ಲೋಸ್ಡ್' (ಪೂರ್ತಿ ತೀರಿದ್ದು) ಅಲ್ಲ, 'ಸೆಟಲ್ಡ್' (ರಾಜಿಯಲ್ಲಿ ಮುಗಿದದ್ದು) ಎಂದೇ ಕಾಣುತ್ತದೆ.