ಹೇಳಿದವಳಿಗೇ ಮೊದಲು ಕೇಳಿಸಿದೆ

"ಅಳಿಸೋ ಹಕ್ಕು ಅವರಿಗೇ ಕೊಟ್ಟರೆ ಕೊನೆಗೆ ನಿಮ್ಮ ಕೈಲಿ ಉಳಿಯೋದು ಬರೀ ಹೆಸರು, ವಯಸ್ಸು." ಎರಡು ವರ್ಷದ ಹಿಂದೆ ಒಂದು ಮೀಟಿಂಗಿನಲ್ಲಿ, ಸಂದರ್ಶನದಲ್ಲಿ ಹೆಂಗಸರು ಹೇಳಿದ್ದನ್ನು ರೆಕಾರ್ಡ್ ಮಾಡಿ ಮೊದಲು ಅವರಿಗೇ ಕೇಳಿಸ್ತೀನಿ, ಬೇಡ ಅಂದಿದ್ದನ್ನು ಅಳಿಸ್ತೀನಿ ಅಂತ ನಾನು ಅಂದಿದ್ದಕ್ಕೆ ಹೀಗಂದವರು ನನಗಿಂತ ಹಿರಿಯರು. ಮೂವತ್ತು ವರ್ಷದಿಂದ ಹೆಂಗಸರ ಬಗ್ಗೆಯೇ ಕೆಲಸ ಮಾಡಿದವರು. ಸುತ್ತ ಕೂತವರೆಲ್ಲ ನಕ್ಕರು, ನಾನೂ ನಕ್ಕೆ. ಕಳೆದ ತಿಂಗಳು ಅವರೇ ಫೋನ್ ಮಾಡಿದ್ದರು. "ಆ ಕೇಳಿಸೋ ಪದ್ಧತಿ ಹೇಗೆ ಮಾಡಿದ್ರಿ? ನಮ್ಮ ಹುಡುಗೀರಿಗೆ ಸ್ವಲ್ಪ ಹೇಳಿಕೊಡಿ." ಅದಕ್ಕೇ ಇದನ್ನು ಬರೆಯಲು ಕೂತೆ. ಅಲ್ಲಲ್ಲಿ ಜಂಬ ಕಂಡರೆ ಸಹಿಸಿಕೊಳ್ಳಿ.

ಕೆಲಸ ಇಷ್ಟೇ. 2023ರ ಆಗಸ್ಟ್ ಕೊನೆಯಲ್ಲಿ ಗೃಹಲಕ್ಷ್ಮಿ ಶುರುವಾಯಿತಲ್ಲ, ರೇಷನ್ ಕಾರ್ಡಿನ ಯಜಮಾನಿಯ ಖಾತೆಗೆ ತಿಂಗಳಿಗೆ 2000. ಆ ದುಡ್ಡು ಹೊಸ್ತಿಲು ದಾಟಿದ ಮೇಲೆ ಯಾರ ಕೈ ಸೇರುತ್ತೆ, ಮನೇಲಿ ಯಾರ ಮಾತು ನಡೆಯುತ್ತೆ ಅಂತ ಕೇಳಿಕೊಂಡು ಬರಬೇಕಿತ್ತು. ಮದ್ದೂರು, ಮಳವಳ್ಳಿ ನಡುವಿನ ನಾಲ್ಕು ಊರು, 40 ಚಿಲ್ಲರೆ ಹೆಂಗಸರು. ಊರುಗಳ ಹೆಸರು ಹೇಳಲ್ಲ.

ಹೇಳದಿರುವುದಕ್ಕೆ ಒಂದು ಹಳೇ ಪೆಟ್ಟು ಕಾರಣ. ಇದಕ್ಕೂ ಮುಂಚಿನ ಪ್ರಾಜೆಕ್ಟಿನಲ್ಲಿ ಎಲ್ಲರ ಹೆಸರನ್ನೂ ಬದಲಿಸಿದ್ದೆ, ನಿಯಮದ ಪ್ರಕಾರ. ಆದರೆ ಒಬ್ಬರ ಬಗ್ಗೆ "ಊರಿನಲ್ಲಿ ಎರಡು ಹೊಲಿಗೆ ಮಿಷನ್ ಇಟ್ಟುಕೊಂಡ ಒಬ್ಬಳೇ ಹೆಂಗಸು" ಅಂತ ಬರೆದುಬಿಟ್ಟಿದ್ದೆ. ಪುಸ್ತಿಕೆ ಅಚ್ಚಾಗಿ ಪಂಚಾಯ್ತಿಗೆ ಬಂತು. ಹಾಲಿನ ಡೇರಿ ಮುಂದೆ ಅದನ್ನು ಯಾರೋ ಜೋರಾಗಿ ಓದಿದರಂತೆ. ನಾನಿಟ್ಟ ಸುಳ್ಳು ಹೆಸರಿಂದಲೇ ಅವರನ್ನು ಕರೆದು ರೇಗಿಸೋಕೆ ಶುರು ಮಾಡಿದರಂತೆ. ಮುಂದಿನ ಸಲ ಹೋದಾಗ ಅವರು ನನಗೆ ಕಾಫಿ ಕೊಟ್ಟರು, ಮಾತಾಡಲಿಲ್ಲ. ಅವತ್ತು ವಾಪಸ್ ಬರುವಾಗಲೇ ಅಂದುಕೊಂಡೆ, ಇನ್ಮೇಲೆ ಹೇಳಿದವಳು ಕೇಳಿ ಹೂಂ ಅನ್ನದೆ ಒಂದು ಸಾಲೂ ಆಚೆಗೆ ಹೋಗಬಾರದು ಅಂತ.

ಅಂದುಕೊಂಡಷ್ಟು ಸಲೀಸಾಗಿ ಆಗಲಿಲ್ಲ. ಮೊದಲ ವಾರವೇ ಮುಗ್ಗರಿಸಿದೆ. ನಮ್ಮ ಒಪ್ಪಿಗೆ ಪತ್ರ ಮೂರು ಪುಟ. ಸಂಶೋಧನೆಯಲ್ಲಿ ಯಾರಿಗೂ ಅನ್ಯಾಯ ಆಗದ ಹಾಗೆ ನೋಡಿಕೊಳ್ಳುವ ಎಥಿಕ್ಸ್ ಕಮಿಟಿ ಒಂದೊಂದು ಪದ ಅಳೆದು ಪಾಸ್ ಮಾಡಿದ್ದು. ಅದನ್ನು ತೆಗೆದು ಸಹಿಗೆ ಜಾಗ ತೋರಿಸಿದೆ. ಒಬ್ಬ ಅಜ್ಜಿ, "ವಾರಕ್ಕೆಷ್ಟವ್ವ ಕಂತು?" ಅಂದರು. ಬ್ಯಾಗ್ ಹಾಕಿಕೊಂಡು ಬಂದು ಸಹಿ ಕೇಳುವ ಹೆಂಗಸು ಅಂದರೆ ಆ ಕಡೆ ಮೈಕ್ರೋ ಫೈನಾನ್ಸಿನವಳೇ. ವಸೂಲಿಯ ಕಾಟಕ್ಕೆ 2025ರ ಶುರುವಿನಲ್ಲಿ ಸರ್ಕಾರ ಸುಗ್ರೀವಾಜ್ಞೆ ತಂದಿದ್ದು ನೆನಪಿರಬೇಕಲ್ಲ. ಅದಕ್ಕೂ ಒಂದು ವರ್ಷ ಮುಂಚಿನ ಮಾತು ಇದು. ಎರಡು ಮನೆಯವರು ನನ್ನನ್ನು ದೂರದಿಂದ ನೋಡಿಯೇ ಬಾಗಿಲು ಹಾಕಿಕೊಂಡರು. ಪತ್ರ ಬ್ಯಾಗಿಗೆ ವಾಪಸ್ ಹೋಯಿತು. ಒಪ್ಪಿಗೆಯನ್ನೂ ಬಾಯಿಮಾತಿನಲ್ಲೇ ರೆಕಾರ್ಡ್ ಮಾಡಿಕೊಂಡೆ. ಅದು ಯಾಕೆ ಅಂತ ಕಮಿಟಿಗೆ ಮನವರಿಕೆ ಮಾಡಿಸೋಕೆ ಆರೇಳು ವಾರ ಹೋಯಿತು.

ಅರಿಶಿನ ಕುಂಕುಮದ್ದು ಇನ್ನೂ ದೊಡ್ಡ ಎಡವಟ್ಟು. ಮಾತಾಡಿದವರಿಗೆ ಒಂದು ಬ್ಲೌಸ್ ಪೀಸು, ಎಲೆ ಅಡಿಕೆ, ಅರಿಶಿನ ಕುಂಕುಮ ಕೊಡುವುದು ನಮ್ಮಲ್ಲಿ ಮೊದಲಿಂದ ಬಂದ ರೂಢಿ. ಗಂಡ ಇಲ್ಲದವರಿಗೂ ಕೊಡಲೇಬೇಕು ಅಂತ ನನ್ನ ಹಟ. ಒಂದು ಜಗಲಿಯ ಮೇಲೆ, ಆರೇಳು ಜನರ ಮುಂದೆ, ಒಬ್ಬರಿಗೆ ಕುಂಕುಮದ ಬಟ್ಟಲು ಚಾಚಿದೆ. ಅವರು ಕೈಯನ್ನು ಸೆರಗಿನೊಳಗೆ ಎಳೆದುಕೊಂಡರು. "ಬ್ಯಾಡ ಕಣವ್ವ." ನಾನು ಸುಮ್ನಿರಬಹುದಿತ್ತು. "ಈ ಕಾಲದಲ್ಲೂ ಏನಮ್ಮ ಇದೆಲ್ಲ" ಅಂತ ಬಟ್ಟಲನ್ನು ಇನ್ನೂ ಹತ್ತಿರ ಹಿಡಿದೆ. ಅವರು ಎದ್ದು ಒಳಗೆ ಹೋದರು. ನಾಲ್ಕು ತಿಂಗಳು ನನ್ನ ಕಣ್ಣಿಗೆ ಬೀಳಲಿಲ್ಲ. ಕುಂಕುಮ ಬೇಕೋ ಬೇಡವೋ ಅನ್ನೋದು ಅವರ ಸ್ವಂತ ವಿಚಾರ. ಅದನ್ನು ತಂದು ಜಗಲಿ ಮೇಲೆ ನಾಲ್ಕು ಜನರ ಬಾಯಿಗೆ ಹಾಕಿದವಳು ನಾನು. ಇವತ್ತಿಗೂ ಆ ಬಟ್ಟಲು ನೋಡಿದರೆ ಮುಖ ಬಿಸಿಯಾಗುತ್ತೆ.

ಆಮೇಲೆ ಉಡುಗೊರೆ ಬಿಟ್ಟು ದುಡ್ಡಿಗೇ ಬಂದೆ. ಒಂದು ಸಲ ಕೂತರೆ 300. ಆಗ ಅಲ್ಲಿ ಹೆಂಗಸರ ಕಳೆ ಕೂಲಿಯೂ ಹೆಚ್ಚುಕಮ್ಮಿ ಅಷ್ಟೇ ಇತ್ತು. "ದುಡ್ಡು ಕೊಟ್ಟರೆ ನಿಮಗೆ ಬೇಕಾದ ಉತ್ತರಾನೇ ಹೇಳ್ತಾರೆ" ಅಂತ ಆಫೀಸಿನಲ್ಲಿ ತಕರಾರು ಎದ್ದಿತು. ಸೆಮಿನಾರಿನಲ್ಲಿ ಭಾಷಣ ಮಾಡಿ ಗೌರವಧನ ತಗೊಳ್ಳೋರೆಲ್ಲ ಹಾಗಾದ್ರೆ ಸುಳ್ಳು ಹೇಳ್ತಾರಾ ಅಂದೆ. ಯಾರೂ ಬಾಯಿ ಬಿಡಲಿಲ್ಲ. ಆ ಒಂದು ಮಾತಿಗೆ ನನಗೆ ನಾನೇ ಬೆನ್ನು ತಟ್ಟಿಕೊಂಡೆ.

ದುಡ್ಡು ಕೊಡುವುದರಲ್ಲೂ ಕೈ ಸುಟ್ಟುಕೊಂಡೆ. ಒಬ್ಬ ಸೊಸೆಗೆ ಫೋನ್‌ಪೇ ಮಾಡಿದೆ. ಖಾತೆ ಅವಳದ್ದು, ಅದಕ್ಕೆ ಕೊಟ್ಟ ನಂಬರ್ ಗಂಡನದ್ದು. ಆಟೋ ಸ್ಟ್ಯಾಂಡಿನಲ್ಲಿ ಕೂತಿದ್ದ ಅವನ ಫೋನಿಗೆ 300 ಜಮಾ ಅಂತ ಮೆಸೇಜು. ಸಂಜೆ ಮನೇಲಿ ವಿಚಾರಣೆ. ಆಮೇಲಿಂದ ಬರೀ ಕ್ಯಾಶ್, ಅದೂ ನೂರು, ಐವತ್ತರ ನೋಟು. ದೊಡ್ಡ ನೋಟು ಚಿಲ್ಲರೆ ಮಾಡಿಸೋಕೆ ಹೋದರೆ ಅಂಗಡಿಯವನೇ ಎಲ್ಲಿಂದ ಬಂತು ಅಂತ ಕೇಳ್ತಾನೆ.

ಒಟ್ಟು ಕೂಲಿ 38, 40 ಸಾವಿರದ ಹತ್ತಿರ ಆಗಿರಬೇಕು. ಗ್ರಾಂಟಿನಲ್ಲಿ ಅದಕ್ಕೆ ಒಂದು ರೂಪಾಯಿಯೂ ಇರಲಿಲ್ಲ. ಪ್ರಯಾಣಕ್ಕೆ ಮಾತ್ರ ಸುಮಾರು 60 ಸಾವಿರ ಇತ್ತು. ನಾನು ಓಡಾಡಿದ್ದು ಸರ್ಕಾರಿ ಬಸ್ಸಿನಲ್ಲಿ. ಶಕ್ತಿ ಯೋಜನೆ 2023ರ ಜೂನ್ 11ಕ್ಕೇ ಶುರುವಾಗಿತ್ತು, ನಾನೂ ಹೆಂಗಸು, ಆಧಾರ್ ಕಾರ್ಡು ಕರ್ನಾಟಕದ್ದು. ವರ್ಷದ ಕೊನೆಗೆ ಲೆಕ್ಕದವರ ಟೇಬಲ್ ಮೇಲೆ ಒಂದು ಕಂತೆ ಸೊನ್ನೆ ಟಿಕೆಟ್ ಇಟ್ಟೆ. ಅವರು ಒಂದೊಂದೇ ತಿರುವಿ ನೋಡಿ, "ಮೇಡಂ, ಇದಕ್ಕೆ ನಾನೇನು ಪಾಸ್ ಮಾಡ್ಲಿ?" ಅಂದರು. ಉಳಿದ ದುಡ್ಡನ್ನು ಹೆಂಗಸರ ಕೂಲಿಗೆ ಹಾಕಿ ಅಂದರೆ ಬಜೆಟ್ಟಿನಲ್ಲಿ ಅಂಥ ಹೆಡ್ಡೇ, ಅಂದರೆ ಖರ್ಚಿನ ಬಾಬತ್ತೇ, ಇಲ್ಲ ಅಂದರು. ಅಷ್ಟರಲ್ಲಿ ಏಳೆಂಟು ತಿಂಗಳ ಕೂಲಿ ನನ್ನ ಕೈಯಿಂದಲೇ ಹೋಗಿತ್ತು. ಕೊನೆಗೆ ಯಾವ ಹೆಡ್ಡಿನಲ್ಲಿ ವಸೂಲು ಮಾಡಿದೆ ಅನ್ನೋದನ್ನು ಇಲ್ಲಿ ಬರೆಯಲ್ಲ. ಬೇಕಾದವರು ಕಾಫಿಗೆ ಕರೆಯಿರಿ, ಹೇಳ್ತೀನಿ.

ಇನ್ನು ಕೇಳಿಸುವ ವಿಷಯ. ಮೊದಲು ಮನೇಲೇ ಕೇಳಿಸಲು ಹೋದೆ. ಅಡುಗೆಮನೆಯಲ್ಲಿ ಸೊಸೆಯ ಪಕ್ಕ ಕೂತು ಫೋನ್ ಆನ್ ಮಾಡಿದೆ. ಇಯರ್‌ಫೋನ್ ತಂದಿರಲಿಲ್ಲ, ದಡ್ಡಿ. "ಕಾರ್ಡಲ್ಲಿ ನಮ್ಮತ್ತೆ ಹೆಸರು, ದುಡ್ಡೆಲ್ಲಾ ಅವರ್ದೇಯ. ಒಂದು ಡಜನ್ ಬಳೆಗೂ ಬೇಡ್ಬೇಕು" ಅಂತ ಅವಳದೇ ದನಿ ಆಚೆ ಬಂತು. ಹಿತ್ತಲ ಬಾಗಿಲ ಹತ್ತಿರ ಅತ್ತೆ ರಾಗಿ ಕೇರುತ್ತಿದ್ದರು. ಮೊರದ ಸದ್ದು ನಿಂತಿತು. ಸೊಸೆ ನನ್ನ ಮುಖ ನೋಡಿದಳು. ಒಂದು ನಿಮಿಷ ಆದ ಮೇಲೆ ಮೊರ ಮತ್ತೆ ಶುರುವಾಯಿತು, ಆದರೆ ಮೊದಲಿನ ಲಯದಲ್ಲಿ ಅಲ್ಲ.

ಇದರಲ್ಲಿ ಇನ್ನೊಂದು ತೊಡಕಿತ್ತು. ಆ ಅತ್ತೆಯೂ ನನ್ನ ಪಟ್ಟಿಯಲ್ಲಿದ್ದವರೇ. ದುಡ್ಡು ಎಲ್ಲಿಗೆ ಹೋಗುತ್ತೆ ಅಂತ ವಾರದ ಹಿಂದೆ ನನಗೆ ಹೇಳಿದ್ದರು. ಮೊಮ್ಮಗಳ ಹೆಸರಲ್ಲಿ ಗುಟ್ಟಾಗಿ ಚೀಟಿ ಕಟ್ಟುತ್ತಿದ್ದರು. ಮಗನಿಗೆ ಗೊತ್ತಾದರೆ ಕಿತ್ತುಕೊಳ್ತಾನೆ, ಸೊಸೆಗೆ ಗೊತ್ತಾದರೆ ಅವಳು ಬಾಯಿಬಿಡ್ತಾಳೆ ಅಂತ ಯಾರಿಗೂ ಹೇಳಿರಲಿಲ್ಲ. ಆ ಒಂದು ಮಾತು ನಾನು ಸೊಸೆಯ ಕಿವಿಗೆ ಹಾಕಿದ್ದರೆ ಮನೇಲಿ ಅರ್ಧ ಜಗಳ ಕಮ್ಮಿಯಾಗುತ್ತಿತ್ತು. ಹಾಕಲಿಲ್ಲ. ಹೆಂಗಸರ ಪರ ನಿಲ್ಲಬೇಕು ಅಂತ ನಾವು ಹೇಳ್ತೀವಲ್ಲ, ಒಂದೇ ಸೂರಿನಡಿ ಇಬ್ಬರು ಹೆಂಗಸರಿದ್ದರೆ ಯಾವ ಹೆಂಗಸಿನ ಪರ? ನಾನು ಇಬ್ಬರ ಗುಟ್ಟನ್ನೂ ಹೊಟ್ಟೆಯಲ್ಲಿಟ್ಟುಕೊಂಡು ಇಬ್ಬರ ಮನೆಯ ಕಾಫಿಯನ್ನೂ ಕುಡಿದೆ. ಒಂದೇ ಒಲೆಯ ಕಾಫಿ ಅದು. ಚೀಟಿ ಎತ್ತಿದ ಮೇಲೆ ಅತ್ತೆಯೇ "ಈಗ ಬರ್ಕೊ ಹೋಗು" ಅಂದಿದ್ದಕ್ಕೆ ಇಲ್ಲಿ ಬರೆಯುತ್ತಿದ್ದೇನೆ.

ದಾರಿ ಸಿಕ್ಕಿದ್ದು ಬಸ್ಸಿನಲ್ಲಿ. ಶಕ್ತಿ ಬಂದ ಮೇಲೆ ಹೆಂಗಸರು ಆಸ್ಪತ್ರೆ, ಸಂತೆ, ತವರು ಅಂತ ಬಸ್ ಹತ್ತುವುದು ಜಾಸ್ತಿಯಾಗಿತ್ತು. ಮನೇಲಿ ಯಾರೂ ಬಸ್ ಚಾರ್ಜಿಗೆ ಲೆಕ್ಕ ಕೇಳುವಂತಿಲ್ಲ. ಒಂದು ದಿನ ಹಿಂದಿನ ಸೀಟಿನಲ್ಲಿ ಒಬ್ಬರ ಜೊತೆ ಕೂತಿದ್ದಾಗ ಸುಮ್ನೆ ಇಯರ್‌ಫೋನಿನ ಒಂದು ತುದಿ ಅವರ ಕಿವಿಗೆ, ಇನ್ನೊಂದು ನನ್ನ ಕಿವಿಗೆ ಹಾಕಿದೆ. ಮದ್ದೂರಿನಿಂದ ಮಳವಳ್ಳಿಗೆ ಮುಕ್ಕಾಲು ಗಂಟೆ, ಕಬ್ಬಿನ ಟ್ರ್ಯಾಕ್ಟರ್ ಅಡ್ಡ ಸಿಕ್ಕರೆ ಒಂದು ಗಂಟೆ. ಒಂದು ಮಾತುಕತೆ ಕೇಳಿ ಮುಗಿಸೋಕೆ ಅಳತೆ ಮಾಡಿಸಿದ ಹಾಗಿತ್ತು. ಬಸ್ಸಿನ ಗದ್ದಲದಲ್ಲಿ ಪಕ್ಕದವರಿಗೂ ಏನೂ ಕೇಳಿಸಲ್ಲ. ನೋಡಿದವರು ಅಕ್ಕತಂಗಿ ಹಾಡು ಕೇಳ್ತಿದಾರೆ ಅಂದುಕೊಳ್ತಾರೆ. ಗಾರ್ಮೆಂಟ್ಸ್ ಬಿಡೋ ಹೊತ್ತಿನ ಬಸ್ ಮಾತ್ರ ಹತ್ತಬೇಡಿ, ನಿಲ್ಲೋಕೂ ಜಾಗ ಇರಲ್ಲ. ಬ್ಲೂಟೂತಿನದ್ದು ಬೇಡ. ನಂದೊಂದು ಕೆ.ಎಂ. ದೊಡ್ಡಿ ಹತ್ತಿರ ಕಿಟಕಿಯಾಚೆ ಹಾರಿಹೋಯಿತು, 1200 ರೂಪಾಯಿ. 150ರ ವೈರಿನದ್ದೇ ಸಾಕು.

ಅವರು "ನಿಲ್ಸು" ಅಂದರೆ ನಿಲ್ಲಿಸುತ್ತೇನೆ. "ಇದು ಬ್ಯಾಡ" ಅಂದರೆ ಅಲ್ಲೇ, ಅವರ ಕಣ್ಣೆದುರೇ ಅಷ್ಟನ್ನು ಕತ್ತರಿಸಿ ಅಳಿಸುತ್ತೇನೆ. ಆಫೀಸಿಗೆ ಹೋಗಿ ಅಳಿಸ್ತೀನಿ ಅನ್ನೋ ಮಾತೇ ಇಲ್ಲ. ಕೇಳಿಸಿ ಮುಗಿದ ಮೇಲೆ ಒಂದೇ ಒಂದು ಪ್ರಶ್ನೆ ಕೇಳುತ್ತೇನೆ. ಆ ಪ್ರಶ್ನೆ ಏನು ಅಂತ ಹೇಳಲ್ಲ. ನಾಳೆ ಯಾರದೋ ಸರ್ವೆ ಫಾರಮ್ಮಿನಲ್ಲಿ ಅದು 14ನೇ ಪ್ರಶ್ನೆಯಾಗಿ ಕೂತು ಸತ್ತುಹೋಗುತ್ತೆ.

ಹೀಗೆ ತಮ್ಮ ಮಾತನ್ನು ಕೇಳಿಸಿಕೊಂಡವರು 36, 37 ಜನ ಇರಬೇಕು. ಏನಾದರೂ ಅಳಿಸಿಸಿದವರು ಐದಾರು. ಪೂರ್ತಿ ಬೇಡ ಅಂದವರು ಇಬ್ಬರು. ಅರ್ಧಕ್ಕಿಂತ ಜಾಸ್ತಿ ಜನ ಹೊಸದಾಗಿ ಸೇರಿಸಿದರು. ಮೀಟಿಂಗಿನ ಆ ಹಿರಿಯರು ನಿರೀಕ್ಷೆ ಮಾಡದೇ ಇದ್ದಿದ್ದು ಇದನ್ನೇ. ಒಬ್ಬರು ತಮ್ಮ ದನಿ ಕೇಳುತ್ತಾ ನಗಾಡಿದರು. "ಮನೆ ಖರ್ಚಿಗೆ ಅಂದಿವ್ನಾ? ಸುಳ್ಳೇಳಿವ್ನಿ ಕಣಕ್ಕ. ಐನೂರು ನಮ್ಮವ್ವನ ಮಾತ್ರೆಗೆ ಕೊಟ್ಬುಡ್ತೀನಿ." ಮೊದಲ ಸಲ ಕೂತಾಗ 40 ನಿಮಿಷದಲ್ಲಿ ತವರಿನ ಹೆಸರೇ ಬಂದಿರಲಿಲ್ಲ. ನಮ್ಮ ವರದಿಯ ಮುಖ್ಯ ಅಧ್ಯಾಯ ನಿಂತಿರುವುದು ಇಂಥ ಸೇರಿಸಿದ ಮಾತುಗಳ ಮೇಲೆಯೇ.

ನನ್ನ ಸುಳ್ಳೂ ಹೊರಗೆ ಬಂತು. ಹೆಂಗಸರು ತಿರುಗಿ ಪ್ರಶ್ನೆ ಕೇಳಿದರೆ ಉತ್ತರ ಕೊಡದೆ ಜಾರಿಕೊಳ್ಳಬಾರದು ಅಂತ 1981ರಲ್ಲೇ ಬ್ರಿಟನ್ನಿನ ಸಮಾಜಶಾಸ್ತ್ರಜ್ಞೆ ಆನ್ ಓಕ್ಲಿ ವಾದಿಸಿದ್ದು ನೀವೂ ಓದಿರಬಹುದು. ನಾನೂ ನಿಷ್ಠೆಯಿಂದ ಉತ್ತರ ಕೊಡುತ್ತಿದ್ದೆ. "ನಿಮ್ಮನೇಲಿ ದುಡ್ಡು ಯಾರ ಕೈಲಿ ಅಕ್ಕ?" ಅಂದಾಗ "ಇಬ್ಬರ ಕೈಲೂ, ಸಮ ಸಮ" ಅಂದಿದ್ದೆ. ಬಸ್ಸಿನಲ್ಲಿ ಅದು ಕಿವಿಗೆ ಬಿತ್ತು. ನಮ್ಮನೇಲಿ ಎಲ್‌ಐಸಿ, ಸೈಟಿನ ಕಾಗದ, ಬ್ಯಾಂಕಿನ ಪಾಸ್‌ವರ್ಡು ಎಲ್ಲ ಯಜಮಾನರದ್ದೇ. ನಾನು "ನಿಲ್ಸಿ" ಅಂದೆ. ಆಕೆ ಬಿದ್ದೂ ಬಿದ್ದೂ ನಕ್ಕು, "ಇದ್ನೂ ಅಳಿಸ್ಬೇಕಾ?" ಅಂದಳು. ಅಳಿಸಲಿಲ್ಲ.

ದಲಿತರ ಕಾಲೋನಿಯಲ್ಲಿ ನಾನು ಮಾಡಿದ ಮೂರು ಸಂದರ್ಶನವೂ ಟೊಳ್ಳು. "ಎಲ್ಲಾ ಚೆನ್ನಾಗೈತೆ ಮೇಡಂ" ಬಿಟ್ಟು ಬೇರೇನಿಲ್ಲ. ನಾನು ಯಾವ ಜನ ಅಂತ ಅವರಿಗೆ ನಾನು ಬಸ್ ಇಳಿಯುವಾಗಲೇ ಗೊತ್ತಿತ್ತು. ಅಲ್ಲಿನವಳೇ ಆದ ನನ್ನ ಸಹಾಯಕಿ ಕೂತರೆ ಎರಡೆರಡು ಗಂಟೆ ಮಾತು. ದಲಿತ ಹೆಂಗಸರ ಪರವಾಗಿ ಯಾರು ಮಾತಾಡಬೇಕು ಅಂತ 1995ರಲ್ಲಿ ಚಿಂತಕ ಗೋಪಾಲ್ ಗುರು, 1998ರಲ್ಲಿ ಸಮಾಜಶಾಸ್ತ್ರಜ್ಞೆ ಶರ್ಮಿಳಾ ರೇಗೆ ಎತ್ತಿದ ಪ್ರಶ್ನೆಯನ್ನು ನಾನು ಎಷ್ಟು ತರಬೇತಿಗಳಲ್ಲಿ ಹೇಳಿಲ್ಲ! ಕಾಲೋನಿಯ ಅಧ್ಯಾಯ ಬರೆಯುವಾಗ ಮಾತ್ರ ಅವಳ ಹೆಸರು ನನ್ನ ಹೆಸರಿನ ಕೆಳಗೆ ಹೋಗಿ ಕೂತಿತ್ತು. ಅವಳು ಸಿಟ್ಟಿನಲ್ಲೇನೂ ಹೇಳಲಿಲ್ಲ. "ಅಕ್ಕ, ಹದಿನಾರು ನಂದು, ನಿಮ್ದು ಮೂರು" ಅಂದಳು. ಮೂರು ತಿಂಗಳು ಮುಖ ಊದಿಸಿಕೊಂಡಿದ್ದೆ, ಒಪ್ಪಿಕೊಳ್ತೀನಿ. ಈಗ ಆ ಅಧ್ಯಾಯ ಅವಳೊಬ್ಬಳ ಹೆಸರಲ್ಲಿದೆ. ನನಗೆ ಕೊನೆಯಲ್ಲಿ ಒಂದು ಕೃತಜ್ಞತೆ ಹೇಳಿದ್ದಾಳೆ, ಅದೂ ಒಂದೇ ಸಾಲು.

ನಡುವೆ ಒಂದು ಹುಚ್ಚು ಪ್ರಯೋಗವನ್ನೂ ಮಾಡಿದೆ. ನಾಲ್ಕು ಜನರಿಗೆ ರೆಕಾರ್ಡರನ್ನೇ ಒಂದು ವಾರ ಕೊಟ್ಟೆ, ಬೇಕಾದ್ದು ಹಿಡೀರಿ ಅಂತ. ಹನ್ನೊಂದು ಗಂಟೆ ವಾಪಸ್ ಬಂತು. ಟಿವಿ ಸೀರಿಯಲ್ಲು, ಮೇಕೆ, ಪಕ್ಕದ ಮನೆ ಜಗಳ, ಒಬ್ಬರ ಗೊರಕೆ. ಕೆಲಸಕ್ಕೆ ಬಂದಿದ್ದು ಏಳು ನಿಮಿಷ. ಒಬ್ಬರು ಕತ್ತಲಲ್ಲಿ, ಹಾಸಿಗೆ ಮೇಲೆ ಇರಬೇಕು, ಪಿಸುದನಿಯಲ್ಲಿ ತಿಂಗಳ ಲೆಕ್ಕ ಹೇಳಿಕೊಂಡಿದ್ದರು. ಆ ಏಳು ನಿಮಿಷಕ್ಕೆ ಮಿಕ್ಕಿದ್ದೆಲ್ಲ ವಸೂಲ್. ಆದರೂ ಮತ್ತೆ ಮಾಡಲ್ಲ. ಪಕ್ಕದ ಮನೆಯವರ ಒಪ್ಪಿಗೆ ಯಾರು ಕೇಳಿದ್ದರು? ಜಗಳದ ಫೈಲನ್ನು ಪೂರ್ತಿ ಅಳಿಸಿದೆ.

ಪೂರ್ತಿ ಬೇಡ ಅಂದ ಇಬ್ಬರಲ್ಲಿ ಒಬ್ಬರದ್ದು, ನಿಜ ಹೇಳಬೇಕು ಅಂದರೆ, ಇಡೀ ಪ್ರಾಜೆಕ್ಟಿನಲ್ಲೇ ನನಗೆ ಸಿಕ್ಕ ಅತ್ಯುತ್ತಮ ಮಾತುಕತೆ. ಅಳಿಸುವಾಗ ಕೈ ನಡುಗಿತು. ಹತ್ತಿರವಾದಷ್ಟೂ ಮೋಸಕ್ಕೆ ಜಾಗ ಜಾಸ್ತಿ ಅಂತ 1988ರಲ್ಲಿ ಅಮೆರಿಕದ ಸಮಾಜಶಾಸ್ತ್ರಜ್ಞೆ ಜೂಡಿತ್ ಸ್ಟೇಸಿ ಎಚ್ಚರಿಸಿದ್ದು ಆ ಬಸ್ಸಿನ ಸೀಟಿನಲ್ಲಿ ಅರ್ಥವಾಯಿತು. ಅಷ್ಟು ಸಲಿಗೆ ಇಲ್ಲದಿದ್ದರೆ ಅವರು ಅದನ್ನು ನನಗೆ ಹೇಳುತ್ತಲೇ ಇರಲಿಲ್ಲ.

ಏಳೆಂಟು ತಿಂಗಳ ಮೇಲೆ ಅದೇ ರೂಟಿನಲ್ಲಿ ಮತ್ತೆ ಸಿಕ್ಕರು. ಕೂತ ತಕ್ಷಣ ಕೇಳಿದ್ದು, "ಅಳಿಸಿದ್ಯಾ?" ಫೋನ್, ರೆಕಾರ್ಡರ್ ಎರಡನ್ನೂ ಕೈಗೆ ಕೊಟ್ಟೆ. ನೋಡಿದರು, ವಾಪಸ್ ಕೊಟ್ಟರು. ಆಮೇಲೆ ಮಳವಳ್ಳಿವರೆಗೂ ಅದೇ ಕತೆಯನ್ನು ಇನ್ನೊಂದು ಸಲ ಹೇಳಿದರು, ಮೊದಲಿಗಿಂತ ಚೆನ್ನಾಗಿ. ರೆಕಾರ್ಡರ್ ಬ್ಯಾಗಿನಲ್ಲೇ ಇತ್ತು. ಸ್ಟ್ಯಾಂಡಿನಲ್ಲಿ ಇಳಿದು ಸೆರಗು ಸರಿಮಾಡಿಕೊಂಡು, "ಇವತ್ತಿಂದು ಕೂಲಿ?" ಅಂದರು. ನೂರರ ಮೂರು ನೋಟು ಕೊಟ್ಟೆ. ಆ 300 ಯಾವ ಹೆಡ್ಡಿಗೂ ಹೋಗಲಿಲ್ಲ.