ವಿಂಡೋಸ್ ‘ಡಿಎಲ್‌ಎಲ್ ಕಡತ ಸಿಗಲಿಲ್ಲ’ ಎಂದಾಗ ಏನು ಮಾಡಬೇಕು

ಹೊಸದಾಗಿ ಹಾಕಿಕೊಂಡ ತಂತ್ರಾಂಶವನ್ನು ತೆರೆಯಲು ಹೋದಾಗ ‘ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ’ ಎಂಬ ಅರ್ಥದ ಸಂದೇಶ ಬಂದರೆ, ಹೆಚ್ಚಿನವರು ಆ ಹೆಸರನ್ನು ಅಂತರ್ಜಾಲದಲ್ಲಿ ಹುಡುಕಿ, ಯಾವುದೋ ತಾಣದಿಂದ ಬಿಡಿ ಕಡತವನ್ನು ಇಳಿಸಿಕೊಂಡು ವಿಂಡೋಸ್ ತನ್ನ ಕಡತಗಳನ್ನು ಇಟ್ಟುಕೊಳ್ಳುವ ಸಿಸ್ಟಮ್32 ಫೋಲ್ಡರಿಗೆ ಹಾಕಿಬಿಡುತ್ತಾರೆ. ಕೆಲವೊಮ್ಮೆ ಇದರಿಂದ ತಂತ್ರಾಂಶ ತೆರೆದುಕೊಳ್ಳುವುದೂ ಉಂಟು, ಅಪಾಯವಿರುವುದು ಅಲ್ಲಿಯೇ. ಆ ಕಡತದ ಆವೃತ್ತಿ ಯಾವುದು, ನಡುವೆ ಯಾರಾದರೂ ಅದನ್ನು ತಿದ್ದಿದ್ದಾರೆಯೇ ಎಂಬುದು ಬಳಕೆದಾರರಿಗೆ ತಿಳಿದಿರುವುದಿಲ್ಲ. ಸಂದೇಶದಲ್ಲಿ ಕಡತದ ಹೆಸರು ಕಂಡಾಗ ಮೊದಲು ಕೇಳಿಕೊಳ್ಳಬೇಕಾದದ್ದು, ಈ ಕಡತ ಯಾವ ಪ್ಯಾಕೇಜಿಗೆ (ಒಟ್ಟಾಗಿ ಸ್ಥಾಪಿಸುವ ಕಡತಗಳ ಕಟ್ಟಿಗೆ) ಸೇರಿದ್ದು ಎಂದು.

ಡಿಎಲ್‌ಎಲ್ ಎಂದರೆ ಡೈನಮಿಕ್ ಲಿಂಕ್ ಲೈಬ್ರರಿ. ಮದುವೆಗೆ ಬೇಕಾದ ದೊಡ್ಡ ಕೊಪ್ಪರಿಗೆಗಳನ್ನು ಪ್ರತಿ ಮನೆಯವರೂ ಕೊಳ್ಳದೆ ಊರಿನ ದೇವಸ್ಥಾನದಿಂದ ತಂದುಕೊಳ್ಳುವಂತೆ, ಪರದೆಯ ಮೇಲೆ ಕಿಟಕಿ ಬಿಡಿಸುವುದು, ಅಕ್ಷರ ಮೂಡಿಸುವುದು ಮೊದಲಾದ ಸಾಮಾನ್ಯ ಕೆಲಸಗಳ ಸಂಕೇತವನ್ನು (ಕೋಡ್) ಹಲವು ತಂತ್ರಾಂಶಗಳು ಇಂಥ ಕಡತಗಳಿಂದ ಹಂಚಿಕೊಳ್ಳುತ್ತವೆ. 1985ರಲ್ಲಿ ಬಂದ ಮೊದಲ ವಿಂಡೋಸ್ 256 ಕಿಲೋಬೈಟ್ ಮೆಮೊರಿಯಲ್ಲಿ ನಡೆಯಬೇಕಾಗಿದ್ದುದರಿಂದ ಈ ಹಂಚಿಕೆ ಆಗ ಅನಿವಾರ್ಯವಾಗಿತ್ತು. ಡಿಎಲ್‌ಎಲ್ ಕಡತವೊಂದರ ಪ್ರತಿಯನ್ನು ನೋಟ್‌ಪ್ಯಾಡಿನಲ್ಲಿ ತೆರೆದರೆ (ಉಳಿಸಬೇಡಿ, ನೋಡಿ ಮುಚ್ಚಿಬಿಡಿ) ಅರ್ಥವಾಗದ ಚಿಹ್ನೆಗಳ ರಾಶಿಯ ಆರಂಭದಲ್ಲಿಯೇ ಇಂಗ್ಲಿಷಿನ ಎಂ, ಝಡ್ ಎಂಬ ಎರಡು ಅಕ್ಷರಗಳು ಕಾಣುತ್ತವೆ. ವಿಂಡೋಸ್‌ಗಿಂತ ಹಿಂದಿನ ಡಾಸ್ ಕಾಲದ ಮೈಕ್ರೋಸಾಫ್ಟ್ ಪ್ರೋಗ್ರಾಮರ್ ಮಾರ್ಕ್ ಝ್‌ಬಿಕೋವ್ಸ್ಕಿ ಅವರ ಹೆಸರಿನ ಮೊದಲಕ್ಷರಗಳಿವು. ಇಎಕ್ಸ್‌ಇ ಕಡತಗಳೂ (ತಂತ್ರಾಂಶವನ್ನು ನಡೆಸುವ ಮುಖ್ಯ ಕಡತಗಳು) ಇದೇ ಎರಡು ಅಕ್ಷರಗಳಿಂದ ಆರಂಭವಾಗುತ್ತವೆ. ಎರಡರ ರಚನೆಯೂ ಒಂದೇ. ಆದ್ದರಿಂದಲೇ ಗೊತ್ತಿಲ್ಲದ ಡಿಎಲ್‌ಎಲ್ ಇಳಿಸಿಕೊಳ್ಳುವುದು ಗೊತ್ತಿಲ್ಲದ ಪ್ರೋಗ್ರಾಮನ್ನು ನಡೆಸಿದಷ್ಟೇ ಅಪಾಯಕರ.

ಕನ್ನಡಿಗರಿಗೆ ಹತ್ತಿರದ ಉದಾಹರಣೆಯೆಂದರೆ ಯುಎಸ್‌ಪಿ10.ಡಿಎಲ್‌ಎಲ್. ವಿಂಡೋಸ್ ಎಕ್ಸ್‌ಪಿಯಲ್ಲಿ ಕನ್ನಡದ ಒತ್ತಕ್ಷರಗಳನ್ನೂ ಗುಣಿತಾಕ್ಷರಗಳನ್ನೂ ಸರಿಯಾಗಿ ಜೋಡಿಸಿ ತೋರಿಸುತ್ತಿದ್ದುದು ಈ ಕಡತ. ತುಂಗಾ ಎಂಬ ಕನ್ನಡ ಫಾಂಟ್ ಇದ್ದರೂ, ಕಂಟ್ರೋಲ್ ಪ್ಯಾನೆಲ್ಲಿನಲ್ಲಿ ಸಂಕೀರ್ಣ ಲಿಪಿಗಳ ಬೆಂಬಲಕ್ಕೆ ಗುರುತು ಹಾಕದಿದ್ದರೆ ಒತ್ತುಗಳು ಕೆಳಗಿಳಿಯದೆ ಅಕ್ಷರಗಳು ಬಿಡಿಬಿಡಿಯಾಗಿಯೇ ನಿಲ್ಲುತ್ತಿದ್ದುದು ಹಲವರಿಗೆ ನೆನಪಿರಬಹುದು. ಆಫೀಸ್ 2003 ಇದೇ ಕಡತದ ತನ್ನದೇ ಪ್ರತಿಯನ್ನು ಬೇರೆ ಫೋಲ್ಡರಿನಲ್ಲಿ ಇಟ್ಟುಕೊಂಡಿತ್ತು. ಹಾಗಾಗಿ ಒಂದೇ ಯಂತ್ರದಲ್ಲಿ, ಒಂದೇ ಹೆಸರಿನಲ್ಲಿ, ಎರಡು ಆವೃತ್ತಿಗಳು ಇರುವುದು ಸಾಮಾನ್ಯವಾಗಿತ್ತು.

ಯಾವ ಪ್ರತಿ ಬಳಕೆಯಾಗಬೇಕೆಂಬುದನ್ನು ಬಹುಮಟ್ಟಿಗೆ ಹುಡುಕಾಟದ ಕ್ರಮವೇ ನಿರ್ಧರಿಸುತ್ತದೆ. ವಿಂಡೋಸ್ ಸಾಮಾನ್ಯವಾಗಿ ಮೊದಲು ತಂತ್ರಾಂಶದ ಸ್ವಂತ ಫೋಲ್ಡರನ್ನು, ಆಮೇಲೆ ಸಿಸ್ಟಮ್32 ಫೋಲ್ಡರನ್ನು, ನಂತರ ವಿಂಡೋಸ್ ಫೋಲ್ಡರನ್ನು, ಕೊನೆಯಲ್ಲಿ ಪಾತ್ ಎಂಬ, ಹುಡುಕಬೇಕಾದ ಜಾಗಗಳ ಪಟ್ಟಿಯಲ್ಲಿರುವ ಫೋಲ್ಡರುಗಳನ್ನು ನೋಡುತ್ತದೆ. ಕರ್ನೆಲ್32ರಂಥ ಕೆಲವು ಮೂಲ ಕಡತಗಳನ್ನು ಮಾತ್ರ ಈ ಹುಡುಕಾಟವಿಲ್ಲದೆ ನೇರವಾಗಿ ವ್ಯವಸ್ಥೆಯ ಫೋಲ್ಡರಿನಿಂದಲೇ ತೆಗೆದುಕೊಳ್ಳುತ್ತದೆ.

ಫೋಲ್ಡರುಗಳ ಹೆಸರೇ ಇಲ್ಲಿ ದಾರಿ ತಪ್ಪಿಸುತ್ತದೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ ಕಡತಗಳು. 32 ಬಿಟ್ ಕಡತಗಳು ಸಿಸ್‌ವಾವ್64 ಫೋಲ್ಡರಿನಲ್ಲಿವೆ. ಹಳೆಯ ತಂತ್ರಾಂಶಗಳು ಸಿಸ್ಟಮ್32 ಎಂಬ ಹೆಸರನ್ನೇ ನೆಚ್ಚಿಕೊಂಡಿದ್ದರಿಂದ ಹೆಸರು ಹಾಗೆಯೇ ಉಳಿಯಿತು. ಬಿಡಿ ಕಡತವನ್ನು ತಪ್ಪು ಕಡೆ ಹಾಕಿದವರಿಗೆ 0ಎಕ್ಸ್‌ಸಿ000007ಬಿ ಎಂಬ ದೋಷ ಎದುರಾಗುವುದು ಬಹುತೇಕ ಈ ಗೊಂದಲದಿಂದಲೇ.

ಈಗ ದುರಸ್ತಿಯ ವಿಷಯಕ್ಕೆ ಬರೋಣ. ಕಾಣೆಯಾದ ಕಡತದ ಹೆಸರು ವಿಸಿರನ್‌ಟೈಮ್140 ಅಥವಾ ಎಂಎಸ್‌ವಿಸಿಪಿ140 ಆಗಿದ್ದರೆ ಅದು ಮೈಕ್ರೋಸಾಫ್ಟಿನ ವಿಶುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಪ್ಯಾಕೇಜಿಗೆ ಸೇರಿದ್ದು. 140 ಎಂಬುದು 14.0 ಆವೃತ್ತಿಯನ್ನು, ಅಂದರೆ ವಿಶುವಲ್ ಸ್ಟುಡಿಯೋ 2015ನ್ನು ಸೂಚಿಸುತ್ತದೆ. ಮೈಕ್ರೋಸಾಫ್ಟಿನ ತಾಣದಿಂದಲೇ ಇದನ್ನು ಪಡೆದು, 64 ಬಿಟ್ ಯಂತ್ರವಾಗಿದ್ದರೂ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡನ್ನೂ ಸ್ಥಾಪಿಸಿಕೊಳ್ಳುವುದು ಒಳ್ಳೆಯದು, ಏಕೆಂದರೆ 32 ಬಿಟ್ ತಂತ್ರಾಂಶಕ್ಕೆ ಬೇಕಾದದ್ದು ಎಕ್ಸ್86 ಪ್ಯಾಕೇಜೇ. ಹಳೆಯ ಆಟವೊಂದು ಡಿ3ಡಿಎಕ್ಸ್9_43 ಇಲ್ಲವೆಂದರೆ, ಜೂನ್ 2010ರ ಡೈರೆಕ್ಟ್‌ಎಕ್ಸ್ ಪ್ಯಾಕೇಜ್ ಬೇಕು. ವಿಂಡೋಸ್ ಎಷ್ಟೇ ಹೊಸದಾಗಿದ್ದರೂ ಈ ಕಡತ ಅದರ ಜೊತೆ ಬರುವುದಿಲ್ಲ. ಕಡತ ಆ ತಂತ್ರಾಂಶಕ್ಕೆ ಮಾತ್ರ ಸೇರಿದ್ದಾದರೆ ಅದನ್ನೇ ಮತ್ತೆ ಸ್ಥಾಪಿಸಬೇಕು. ಅದಕ್ಕೂ ಮೊದಲು ಆಂಟಿವೈರಸ್ ಆ ಕಡತವನ್ನು ಪ್ರತ್ಯೇಕಿಸಿ ಇಟ್ಟಿದೆಯೇ ಎಂದು ನೋಡಿ.

ವಿಂಡೋಸ್‌ನದೇ ಕಡತ ಕೆಟ್ಟಿದ್ದರೆ, ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು, ಇಂಗ್ಲಿಷ್ ಅಕ್ಷರಗಳಲ್ಲಿ ‘ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್’ (DISM /Online /Cleanup-Image /RestoreHealth) ಎಂಬ ಆದೇಶವನ್ನು ಕೊಟ್ಟು, ಅದು ಮುಗಿದ ಮೇಲೆ ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ (sfc /scannow) ಎಂಬುದನ್ನು ಕೊಡಿ. ಮೊದಲನೆಯದು ಮೂಲ ಪ್ರತಿಗಳ ಸಂಗ್ರಹವನ್ನು ಸರಿಪಡಿಸುತ್ತದೆ. ಎರಡನೆಯದು ಆ ಸಂಗ್ರಹದಿಂದ ಕೆಟ್ಟ ಕಡತಗಳನ್ನು ಬದಲಿಸುತ್ತದೆ. ಮೂಲವೇ ಹಾಳಾಗಿದ್ದಾಗ ಎರಡನೆಯದನ್ನು ಎಷ್ಟು ಸಲ ನಡೆಸಿದರೂ ಪ್ರಯೋಜನವಿಲ್ಲವಾದ್ದರಿಂದ ಈ ಕ್ರಮ. ‘ರೆಗ್‌ಎಸ್‌ವಿಆರ್32’ ಬಳಸಿ ಎಂಬ ಸಲಹೆಯೂ ಕೇಳಿಬರುತ್ತದೆ. ಅದು ಕಾಮ್ ಘಟಕಗಳನ್ನು (ಬೇರೆ ತಂತ್ರಾಂಶಗಳೂ ಬಳಸಬಹುದಾದ ಒಂದು ಬಗೆಯ ಭಾಗಗಳನ್ನು) ವಿಂಡೋಸ್‌ನಲ್ಲಿ ನೋಂದಾಯಿಸುವ ಸಾಧನವೇ ಹೊರತು ಕಾಣೆಯಾದ ಕಡತವನ್ನು ತರುವುದಿಲ್ಲ.

ಹಿಂದೊಮ್ಮೆ ನೀವೇ ಹಾಕಿದ ಬಿಡಿ ಕಡತವಿದ್ದರೆ ಅದನ್ನು ತೆಗೆಯುವ ಮೊದಲು ‘ಟಾಸ್ಕ್‌ಲಿಸ್ಟ್ /ಎಂ’ (tasklist /m) ಎಂದು ಕಮಾಂಡ್ ಪ್ರಾಂಪ್ಟಿನಲ್ಲಿ ಟೈಪಿಸಿ, ಮುಂದೆ ಕಡತದ ಹೆಸರು ಸೇರಿಸಿ ಎಂಟರ್ ಒತ್ತಿ. ಆ ಹೆಸರಿನ ಕಡತವನ್ನು ಆ ಕ್ಷಣದಲ್ಲಿ ಬಳಸುತ್ತಿರುವ ಪ್ರೋಗ್ರಾಮುಗಳ ಪಟ್ಟಿ ಬರುತ್ತದೆ. ಅವುಗಳನ್ನು ಮುಚ್ಚಿ, ಕಡತವನ್ನು ಅಳಿಸದೆ ಬೇರೆ ಫೋಲ್ಡರಿಗೆ ಸರಿಸಿ, ಆಮೇಲೆ ಸರಿಯಾದ ಪ್ಯಾಕೇಜನ್ನು ಸ್ಥಾಪಿಸಿ.